ಬಾವಲಿಗಳಿರುವ ಹುಣಸೆ ಮರವನ್ನು ಕಡಿಸಬೇಕೇ?

ಪ್ರಶ್ನೆ: ನಮ್ಮದು ಯಾದಗಿರಿ ಜಿಲ್ಲೆ ಸುರಪುರ ತಾಲ್ಲೂಕಿನ ಒಂದು ಹಳ್ಳಿ. ಮನೆಯಲ್ಲಿ ಎರಡು ಎಮ್ಮೆ, ಒಂದು ಜೋಡಿ ಎತ್ತು, ಒಂದಷ್ಟು ಕುರಿ, ಜವಾರಿ ಕೋಳಿಗಳಿವೆ. ಊರಿನ ಹನುಮಂತ ದೇವರ ಗುಡಿಯ ಹಿಂದಿರುವ ಹುಣಸೆ ಮರದಲ್ಲಿ ನೂರಾರು ಬಾವಲಿಗಳು ನೇತಾಡುತ್ತವೆ. ಕೇರಳದ ನಿಫಾ ಸುದ್ದಿ ಟಿವಿಯಲ್ಲಿ ಬಂದಾಗಲೆಲ್ಲ ಆ ಮರ ಕಡಿಸಬೇಕು, ಹೊಗೆ ಹಾಕಿ ಓಡಿಸಬೇಕು ಎಂಬ ಮಾತು ಏಳುತ್ತದೆ. ಎತ್ತಿಗೆ ಚರ್ಮಗಂಟು ರೋಗ ಬಂದಾಗ ಮಕ್ಕಳನ್ನು ಕೊಟ್ಟಿಗೆಯ ಹತ್ತಿರ ಬಿಟ್ಟಿರಲಿಲ್ಲ. ಈಗ ಮಗ ಕೋಳಿಗಳನ್ನೂ ಮಾರಿಬಿಡು ಎನ್ನುತ್ತಾನೆ. ಪ್ರಾಣಿಯ ವೈರಸ್ ಮನುಷ್ಯನಿಗೆ ನಿಜವಾಗಿಯೂ ಹೇಗೆ ದಾಟುತ್ತದೆ? ನಾವು ಯಾವುದಕ್ಕೆ ಹೆದರಬೇಕು?

ಉತ್ತರ: ಮರ ಕಡಿಸಬೇಡಿ. ಕೋಳಿಗಳನ್ನು ಮಾರುವ ಅಗತ್ಯವೂ ಇಲ್ಲ. ಚರ್ಮಗಂಟು ರೋಗ ಬಂದಾಗ ಮಕ್ಕಳನ್ನು ದೂರವಿಟ್ಟದ್ದರಿಂದ ನಷ್ಟವೇನಿಲ್ಲ, ಆದರೆ ಆ ರೋಗ ಮಕ್ಕಳಿಗೆ ಬರುತ್ತಿರಲಿಲ್ಲ. ಇಷ್ಟಕ್ಕೆ ನಿಮ್ಮ ಪ್ರಶ್ನೆಯ ಅರ್ಧ ಮುಗಿಯಿತು. ಉಳಿದರ್ಧಕ್ಕೆ ಸ್ವಲ್ಪ ಹೊತ್ತು ಬೇಕು. ಬೀದರಿನಲ್ಲಿ ಪಶುವೈದ್ಯ ವಿದ್ಯಾರ್ಥಿಗಳಿಗೆ ವೈರಸ್‌ಗಳ ಪಾಠ ಹೇಳಿಕೊಂಡು ಬಂದವನು ನಾನು. ಈ ವಿಷಯ ಸಿಕ್ಕಿದರೆ ಚುಟುಕಾಗಿ ಮುಗಿಸುವ ಅಭ್ಯಾಸ ನನಗಿಲ್ಲ. ಒಂದು ಮಾತು ಮಾತ್ರ ಮೊದಲೇ ಹೇಳಿಬಿಡುತ್ತೇನೆ. ಎಮ್ಮೆ, ಎತ್ತು, ಕುರಿ, ಕೋಳಿ, ಬಾವಲಿ ಎಲ್ಲವನ್ನೂ ಎಣಿಸಿದ್ದೀರಿ, ನಾಯಿಯನ್ನು ಬಿಟ್ಟಿದ್ದೀರಿ. ನನಗೆ ಭಯವಿರುವುದು ಅದರದೇ. ಅಲ್ಲಿಗೆ ಆಮೇಲೆ ಬರೋಣ.

ವೈರಸ್ ತಾನಾಗಿ ಉಣ್ಣುವುದಿಲ್ಲ, ಬೆಳೆಯುವುದಿಲ್ಲ. ಬದುಕಿರುವ ಜೀವಕೋಶದೊಳಗೆ ಹೊಕ್ಕರೆ ಮಾತ್ರ ಅದಕ್ಕೆ ಸಂತಾನ. ಹೊಗಬೇಕಾದರೆ ಅದರ ಮೈಮೇಲಿನ ಪ್ರೋಟೀನು ಆ ಜೀವಕೋಶದ ಹೊರಮೈಯಲ್ಲಿರುವ ಒಂದು ನಿರ್ದಿಷ್ಟ ಅಣುವನ್ನು ಹಿಡಿದುಕೊಳ್ಳಬೇಕು. ರಿಸೆಪ್ಟರ್ ಎಂದು ಕರೆಯುವ ಈ ಅಣುಗಳು ಎತ್ತಿನಲ್ಲಿ ಒಂದು ಬಗೆ, ಕೋಳಿಯಲ್ಲಿ ಇನ್ನೊಂದು ಬಗೆ, ನಮ್ಮಲ್ಲಿ ಮತ್ತೊಂದು ಬಗೆ. ಹಿಡಿತ ಸಿಗದ ವೈರಸ್ ನಮ್ಮ ಮೂಗಿನಲ್ಲಿ ಬಿದ್ದರೂ ಸಿಂಬಳದ ಜೊತೆ ಹೊರಗೆ ಹೋಗುತ್ತದೆ. ಹಿಡಿತ ಸಿಕ್ಕಿತು ಎಂದುಕೊಳ್ಳೋಣ. ಒಳಗೆ ಹೋದ ಮೇಲೆ ನಮ್ಮ ಜೀವಕೋಶದ ಯಂತ್ರೋಪಕರಣ ಅದಕ್ಕೆ ಒಗ್ಗಬೇಕು. ರಕ್ಷಣಾ ವ್ಯವಸ್ಥೆ ಮೊದಲ ಕೆಲವು ಗಂಟೆಗಳಲ್ಲಿ ಎಬ್ಬಿಸುವ ಗದ್ದಲದಿಂದ ಅದು ತಪ್ಪಿಸಿಕೊಳ್ಳಬೇಕು. ಸಾಕಷ್ಟು ಸಂಖ್ಯೆಯಲ್ಲಿ ಬೆಳೆಯಬೇಕು. ಕೊನೆಗೆ ಕೆಮ್ಮಿನಲ್ಲೋ ಎಂಜಲಿನಲ್ಲೋ ರಕ್ತದಲ್ಲೋ ಹೊರಬಂದು ಇನ್ನೊಬ್ಬ ಮನುಷ್ಯನನ್ನು ತಲುಪಬೇಕು. ಇವುಗಳಲ್ಲಿ ಒಂದು ಹಂತ ತಪ್ಪಿದರೂ ಕಥೆ ಅಲ್ಲಿಗೇ ನಿಲ್ಲುತ್ತದೆ. ದನಕರುಗಳ ಜೊತೆ ಒಂದೇ ಸೂರಿನಡಿ ಮಲಗುವ ನಮ್ಮ ಜನರ ಮೈಮೇಲೆ ಪ್ರಾಣಿಗಳ ವೈರಸ್ ಬೀಳದ ದಿನವೇ ಇಲ್ಲ. ಬಿದ್ದವುಗಳಲ್ಲಿ ಬಹುಪಾಲು ಬಂಡೆಯ ಮೇಲೆ ಬಿದ್ದ ತೊಗರಿ ಬೀಜದಂತೆ ಮೊಳೆಯದೇ ಹೋಗುತ್ತವೆ.

ಚರ್ಮಗಂಟು ರೋಗದ ವೈರಸ್ ಹೀಗೆ ಮೊದಲ ಹಂತಗಳಲ್ಲೇ ಸೋಲುವ ಜಾತಿಯದು. ಆಫ್ರಿಕಾದ ಜಾಂಬಿಯಾದಲ್ಲಿ 1929ರಲ್ಲಿ ಅದನ್ನು ಮೊದಲು ಗುರುತಿಸಿದರು; ಭಾರತದಲ್ಲಿ 2019ರಲ್ಲಿ ಒಡಿಶಾದಲ್ಲಿ ಕಾಣಿಸಿಕೊಂಡು, 2022ರಲ್ಲಿ ದೇಶದ ತುಂಬ ದನಗಳನ್ನು ಮಲಗಿಸಿತು. ಅದರ ಗಂಟುಗಳಿಗೆ ಬೇವಿನೆಣ್ಣೆ ಸವರಿದವರು, ಕೀವು ಒರೆಸಿದವರು, ಸತ್ತ ದನವನ್ನು ಹೂಳಿದವರು ಲಕ್ಷಾಂತರ ಮಂದಿ. ಅವರಿಗೆ ಆ ರೋಗ ಬರಲಿಲ್ಲ. ಕುರಿ ಮೇಕೆಗಳಿಗೆ ಬರುವ ಪಿಪಿಆರ್ ಎಂಬ ವೈರಸ್ ರೋಗ ಕೂಡ ನಮ್ಮ ತಂಟೆಗೆ ಬರುವುದಿಲ್ಲ. ಕಾಲುಬಾಯಿ ಜ್ವರ ಮನುಷ್ಯನಿಗೆ ತಗುಲುವುದು ತೀರಾ ಅಪರೂಪ, ತಗುಲಿದರೂ ಲಘು. ಇವು ಜೇಬಿಗೆ ಬರುವ ರೋಗಗಳು, ಮೈಗೆ ಬರುವುದಿಲ್ಲ.

ಹಾಗೆಂದು ಕೊಟ್ಟಿಗೆಯ ಗಾಯಗಳೆಲ್ಲ ನಿರುಪದ್ರವಿ ಎಂದುಕೊಳ್ಳಬೇಡಿ. ನಿಮ್ಮ ಮನೆಯಲ್ಲಿ ಕುರಿಗಳಿವೆ, ಆದ್ದರಿಂದ ಇದನ್ನು ವಿವರವಾಗಿಯೇ ಹೇಳುತ್ತೇನೆ. ಮರಿಗಳ ತುಟಿ, ಮೂಗಿನ ಅಂಚಿನಲ್ಲಿ ಹುಣ್ಣೆದ್ದು ಹೆಕ್ಕಳೆ ಕಟ್ಟುವ ಬಾಯಿಹುಣ್ಣಿನ ರೋಗವೊಂದಿದೆ. ಮೊಲೆ ಉಣ್ಣಲಾರದ ಮರಿಯ ಬಾಯಿಯನ್ನು ಕುರಿಗಾಹಿ ಎಡಗೈಯಿಂದ ಬಿಡಿಸಿ, ಬಲಗೈಯಿಂದ ಔಷಧಿ ಹಾಕುತ್ತಾನೆ. ಜಾಲಿ ಮುಳ್ಳು ಗೀರಿದ ಹೆಬ್ಬೆರಳು ಆ ಹುಣ್ಣಿಗೆ ತಾಗುತ್ತದೆ. ಒಂದು ವಾರದೊಳಗೆ ಅಲ್ಲೊಂದು ಕೆಂಪು ಗುಳ್ಳೆ. ಆಮೇಲೆ ಅದರ ಸುತ್ತ ಬಿಳಿಯ ಬಳೆ, ನಡುವೆ ಒದ್ದೆ ಒದ್ದೆ. ನೋಡಲು ಭಯಂಕರ, ಬೆರಳೇ ಕೊಳೆಯಿತೇನೋ ಎನ್ನಿಸುತ್ತದೆ. ಆದರೆ ಒಂದೂವರೆ ತಿಂಗಳೊಳಗೆ ತಾನಾಗಿ ಮಾಯುತ್ತದೆ, ಮನೆಯವರಿಗೆ ಹರಡುವುದೂ ಅಪರೂಪ. ಇದಕ್ಕೆ ಆ್ಯಂಟಿಬಯಾಟಿಕ್ ಕೆಲಸ ಮಾಡುವುದಿಲ್ಲ, ಕೊಯ್ದು ತೆಗೆಸುವುದಂತೂ ಬೇಡವೇ ಬೇಡ. ವೈದ್ಯರ ಮುಂದೆ ಕೈ ಚಾಚುವಾಗ ‘ಕುರಿ ಸಾಕಿದ್ದೇನೆ, ಮರಿಗೆ ಬಾಯಿಹುಣ್ಣಿತ್ತು’ ಎಂದು ನೀವೇ ಹೇಳಬೇಕು. ಕೇಳುವಷ್ಟು ಪುರುಸೊತ್ತು ಅವರಿಗೆ ಇರುವುದಿಲ್ಲ. ಸತ್ತ ಕುರಿಯನ್ನು ಸುಲಿದ ಮೇಲೆ ಕೈಯಲ್ಲಿ ನೋವಿಲ್ಲದ, ಇದ್ದಿಲಿನಂತೆ ಕಪ್ಪಾದ ಹುಣ್ಣೆದ್ದರೆ ಅದು ಬೇರೆಯೇ. ಅದು ನೆರಡಿ ರೋಗ (ಆಂಥ್ರಾಕ್ಸ್) ಇರಬಹುದು. ನೆರಡಿಗೆ ಕಾರಣ ವೈರಸ್ಸಲ್ಲ, ಬ್ಯಾಕ್ಟೀರಿಯಾ. ಅದಕ್ಕೆ ಆ್ಯಂಟಿಬಯಾಟಿಕ್ ಚೆನ್ನಾಗಿ ಕೆಲಸ ಮಾಡುತ್ತದೆ, ತಡ ಮಾಡಿದರೆ ಪ್ರಾಣಕ್ಕೆ ಕುತ್ತು.

ಎಮ್ಮೆಯ ಕೆಚ್ಚಲಿನ ಸಿಡುಬೂ ಹೀಗೆಯೇ ಹಾಲು ಕರೆಯುವವರ ಬೆರಳಿಗೆ ಏರುತ್ತದೆ. ಅದರ ಹಿನ್ನೆಲೆ ಮಾತ್ರ ಸ್ವಾರಸ್ಯಕರ. ಎಮ್ಮೆ ಸಿಡುಬಿನ ವೈರಸ್, ಮನುಷ್ಯರ ಸಿಡುಬಿಗೆ ಲಸಿಕೆಯಾಗಿ ಬಳಸುತ್ತಿದ್ದ ವ್ಯಾಕ್ಸೀನಿಯಾ ವೈರಸ್‌ನ ತೀರಾ ಹತ್ತಿರದ ಸಂಬಂಧಿ. ಲಸಿಕೆ ಹಾಕಿಸಿಕೊಂಡವರ ತೋಳಿನಿಂದಲೇ ಅದು ಎಂದೋ ಎಮ್ಮೆಗೆ ಹೋಗಿ ಅಲ್ಲಿ ಉಳಿದುಕೊಂಡಿರಬೇಕು ಎಂಬುದು ತಜ್ಞರ ಬಲವಾದ ಊಹೆ. ಅಂದರೆ ದಾರಿ ಎರಡೂ ಕಡೆಗಿದೆ. ಕೊರೊನಾ ಕಾಲದಲ್ಲಿ ಡೆನ್ಮಾರ್ಕಿನಲ್ಲಿ ತುಪ್ಪಳಕ್ಕಾಗಿ ಸಾಕುವ ಮಿಂಕ್ ಎಂಬ ಪ್ರಾಣಿಗಳ ಫಾರಂಗಳಿಗೂ ಅಮೆರಿಕದ ಜಿಂಕೆಗಳಿಗೂ ಸೋಂಕು ಅಂಟಿಸಿದವರು ಮನುಷ್ಯರೇ.

ಇನ್ನು ಮುಟ್ಟದೆಯೂ ದಾಟುವ ವೈರಸ್‌ಗಳಿವೆ. ನಾರಾಯಣಪುರ ಎಡದಂಡೆ ಕಾಲುವೆಯ ನೀರು ಬಂದ ಮೇಲೆ ನಿಮ್ಮ ತಾಲ್ಲೂಕಿನಲ್ಲೂ ಶಹಾಪುರದಲ್ಲೂ ಜೋಳ, ಸಜ್ಜೆಯ ಹೊಲಗಳು ಭತ್ತದ ಗದ್ದೆಗಳಾದವು. ನಿಂತ ನೀರು ಬಂತು, ಅದರಲ್ಲಿ ಕ್ಯೂಲೆಕ್ಸ್ ಸೊಳ್ಳೆ ಬಂತು, ಬೆಳ್ಳಕ್ಕಿಗಳ ಹಿಂಡು ಬಂತು. ಬೋನಾಳ ಕೆರೆಯ ಕಡೆ ಹೋದರೆ ಹಕ್ಕಿಗಳನ್ನು ನೋಡಿಯೇ ನಿಮ್ಮ ಕಣ್ಣು ದಣಿಯುತ್ತದೆ. ಜಪಾನೀಸ್ ಎನ್ಸೆಫಲೈಟಿಸ್ ಎಂಬ ಮಿದುಳು ಜ್ವರದ ವೈರಸ್‌ಗೆ ಬೇಕಾದದ್ದು ಇದೇ ಸಂಸಾರ: ಕೊಕ್ಕರೆ ಬೆಳ್ಳಕ್ಕಿಗಳು, ಹಂದಿ, ಭತ್ತದ ಗದ್ದೆಯ ಸೊಳ್ಳೆ. ಹಂದಿಯ ರಕ್ತದಲ್ಲಿ ಅದು ವಿಪರೀತ ಬೆಳೆಯುತ್ತದೆ. ಆ ರಕ್ತ ಹೀರಿದ ಸೊಳ್ಳೆ ಸಂಜೆ ನಿಮ್ಮ ಕಟ್ಟೆಯ ಮೇಲೆ ಮಲಗಿದ ಮಗುವನ್ನು ಕಚ್ಚುತ್ತದೆ. ಸೋಂಕು ತಗುಲಿದ ಸುಮಾರು 250 ಜನರಲ್ಲಿ ಒಬ್ಬರಿಗೆ ಮಾತ್ರ ರೋಗ ತೀವ್ರವಾಗುತ್ತದೆ, ಆದರೆ ಹಾಗೆ ತೀವ್ರವಾದವರಲ್ಲಿ ಸಾವು ಹೆಚ್ಚು, ಬದುಕಿದವರಿಗೂ ಕೈಕಾಲು ಸ್ವಾಧೀನ ತಪ್ಪಬಹುದು. ನಿಮ್ಮ ನೆರೆಯ ರಾಯಚೂರು, ಕೊಪ್ಪಳ, ಬಳ್ಳಾರಿಗೆ ಈ ರೋಗ ಹೊಸದಲ್ಲ.

ಇಲ್ಲಿ ಗಮನಿಸಬೇಕಾದ ಸಂಗತಿ ಇನ್ನೊಂದಿದೆ. ಮನುಷ್ಯನ ರಕ್ತದಲ್ಲಿ ಈ ವೈರಸ್‌ನ ಪ್ರಮಾಣ ಎಷ್ಟು ಕಡಿಮೆಯೆಂದರೆ, ರೋಗಿಯನ್ನು ಕಚ್ಚಿದ ಸೊಳ್ಳೆಗೆ ಅದು ಅಂಟುವುದಿಲ್ಲ. ಆದ್ದರಿಂದ ಅದು ನಮ್ಮಲ್ಲಿಗೆ ಬಂದು ನಮ್ಮಲ್ಲೇ ಕೊನೆಯಾಗುತ್ತದೆ. ಎತ್ತು ಎಮ್ಮೆಗಳ ವಿಷಯದಲ್ಲೂ ಹಾಗೆಯೇ. ಅವುಗಳನ್ನು ಕಚ್ಚಿ ಹೊಟ್ಟೆ ತುಂಬಿಸಿಕೊಂಡ ಸೊಳ್ಳೆಗಳಿಂದ ರೋಗ ಮುಂದಕ್ಕೆ ಹೋಗುವುದಿಲ್ಲ. ಹಂದಿಗಳನ್ನು ಮನೆಗಳಿಂದ ದೂರ ಕಟ್ಟುವುದು, ಮಕ್ಕಳಿಗೆ ಸೊಳ್ಳೆಪರದೆ, ಸರ್ಕಾರ ಲಸಿಕೆ ಹಾಕುವ ಕಡೆ ತಪ್ಪದೇ ಹಾಕಿಸುವುದು, ಇದರಾಚೆ ಮಾಡಬೇಕಾದ್ದೇನಿಲ್ಲ.

ಮಲೆನಾಡಿನ ಮಂಗನ ಕಾಯಿಲೆ ಉಣ್ಣಿಯ ಮೂಲಕ ದಾಟುತ್ತದೆ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮೊದಲು ಮಂಗಗಳು ಸತ್ತವು, ಹಿಂದೆಯೇ ಮನುಷ್ಯರು. ಮಂಗ ಅಲ್ಲಿ ಅಪರಾಧಿಯಲ್ಲ, ನಮ್ಮಂತೆಯೇ ಬಲಿಪಶು. ಅದು ನಿಮ್ಮ ಕಡೆಯ ರೋಗವಲ್ಲ. ಆದರೆ ದನಗಳ ಉಣ್ಣಿಯಿಂದ ಬರುವ ಇನ್ನೊಂದು ವೈರಸ್ ಬಗ್ಗೆ ಎಚ್ಚರವಿರಲಿ. ಕ್ರಿಮಿಯನ್ ಕಾಂಗೋ ಜ್ವರ ಎಂದು ಅದರ ಹೆಸರು, ಭಾರತದಲ್ಲಿ 2011ರಲ್ಲಿ ಗುಜರಾತಿನ ಅಹಮದಾಬಾದ್ ಜಿಲ್ಲೆಯಲ್ಲಿ ಮೊದಲು ದೃಢಪಟ್ಟಿತು; ರೋಗಿಗೆ ಚಿಕಿತ್ಸೆ ಕೊಟ್ಟ ವೈದ್ಯರೂ ದಾದಿಯೂ ತೀರಿಕೊಂಡರು. ಎಮ್ಮೆಯ ಕಿವಿಯೊಳಗಿಂದ ಉಣ್ಣಿ ಕಿತ್ತು ಎರಡು ಉಗುರುಗಳ ನಡುವೆ ಚಟ್ಟೆನಿಸುವ ಅಭ್ಯಾಸ ನಮ್ಮ ಹಳ್ಳಿಗಳ ಹೆಂಗಸರಿಗೂ ಗಂಡಸರಿಗೂ ಇದೆ, ಮಕ್ಕಳಿಗಂತೂ ಅದೊಂದು ಆಟ. ಆ ಆಟವನ್ನು ಇವತ್ತೇ ನಿಲ್ಲಿಸಿ. ಕೈಗೆ ಪ್ಲಾಸ್ಟಿಕ್ ಚೀಲ ಸುತ್ತಿಕೊಂಡು ಕಿತ್ತು, ಸೀಮೆಎಣ್ಣೆಯ ಡಬ್ಬಿಗೆ ಹಾಕಿ.

ಈಗ ಬಾವಲಿಗೆ ಬರೋಣ. ಮಲೇಷ್ಯಾದಲ್ಲಿ 1998–99ರಲ್ಲಿ ನಿಫಾ ಮೊದಲು ಕಾಣಿಸಿಕೊಂಡದ್ದು ಹಂದಿ ಸಾಕುವವರಲ್ಲಿ. ಹಂದಿದೊಡ್ಡಿಗಳ ಸುತ್ತ ಮಾವಿನಂಥ ಹಣ್ಣಿನ ಮರಗಳನ್ನು ಬೆಳೆಸಿದ್ದರು. ರಾತ್ರಿ ಬಾವಲಿಗಳು ಬಂದು ಹಣ್ಣು ಕಚ್ಚಿ ಕೆಳಗೆ ಬೀಳಿಸುತ್ತಿದ್ದವು, ಎಂಜಲು ಹಣ್ಣನ್ನು ಹಂದಿ ತಿನ್ನುತ್ತಿತ್ತು, ಹಂದಿಗೆ ಕೆಮ್ಮು ಹತ್ತಿ ಸಾಕುವವನಿಗೆ ಮಿದುಳು ಜ್ವರ ಬರುತ್ತಿತ್ತು. ನೂರಕ್ಕೂ ಹೆಚ್ಚು ಜನ ಸತ್ತರು, ಹತ್ತು ಲಕ್ಷದಷ್ಟು ಹಂದಿಗಳನ್ನು ಕೊಂದರು. ಬಾಂಗ್ಲಾದೇಶದಲ್ಲಿ ದಾರಿಯೇ ಬೇರೆ: ಅಲ್ಲಿ ಖರ್ಜೂರದ ಜಾತಿಯ ಮರಕ್ಕೆ ಮಡಕೆ ಕಟ್ಟಿ ಇಳಿಸುವ ರಸವನ್ನು ಬೆಳಗಿನ ಜಾವ ಹಸಿಯಾಗಿಯೇ ಕುಡಿಯುತ್ತಾರೆ. ರಾತ್ರಿ ಕ್ಯಾಮೆರಾ ಇಟ್ಟು ನೋಡಿದಾಗ ಬಾವಲಿಗಳು ರಸ ಒಸರುವ ಜಾಗವನ್ನು ನೆಕ್ಕುತ್ತಿದ್ದದ್ದು, ಮಡಕೆಗೆ ಉಚ್ಚೆ ಹೊಯ್ಯುತ್ತಿದ್ದದ್ದು ಕಂಡಿತು. ಅಲ್ಲಿನ ಜನ ಈಗ ಬಿದಿರಿನ ತಟ್ಟಿಯಿಂದ ಆ ಜಾಗವನ್ನು ಮುಚ್ಚುವುದನ್ನು ಕಲಿತಿದ್ದಾರೆ. ನಮ್ಮ ಕಡೆ ಈಚಲು ಮರದ ಸೇಂದಿ ಕುಡಿಯುವವರು ಇದನ್ನು ನೆನಪಿಡಬೇಕು. ಹುಳಿ ಬಂದರೆ ವೈರಸ್ ಸತ್ತಿತು ಎಂದು ನೆಚ್ಚಿಕೊಳ್ಳಬೇಡಿ, ಬಾಂಗ್ಲಾದಲ್ಲಿ ಹುಳಿ ಬಂದ ರಸ ಕುಡಿದವರಿಗೂ ರೋಗ ಬಂದಿದೆ.

ಕೇರಳದಲ್ಲಿ 2018ರಲ್ಲಿ 17 ಜನ ತೀರಿಕೊಂಡರು. ಅವರಲ್ಲಿ ಬಾವಲಿಯಿಂದ ನೇರವಾಗಿ ಸೋಂಕು ತಗುಲಿಸಿಕೊಂಡವರು ಮೊದಲ ರೋಗಿಯೊಬ್ಬರೇ ಎಂದು ತನಿಖೆಗಳು ಹೇಳುತ್ತವೆ. ಉಳಿದವರಿಗೆ ಅದು ಬಂದದ್ದು ಆಸ್ಪತ್ರೆಯಲ್ಲಿ, ಮನೆಯಲ್ಲಿ, ರೋಗಿಯ ಆರೈಕೆ ಮಾಡುವಾಗ. ಆದರೂ ಸರಪಳಿ ಬಹಳ ದೂರ ಹೋಗಲಿಲ್ಲ. ಏಕೆಂದರೆ ನಿಫಾ ಚೆನ್ನಾಗಿ ಹರಡುವುದು ರೋಗಿ ಹಾಸಿಗೆ ಹಿಡಿದ ಮೇಲೆ. ಹಾಸಿಗೆ ಹಿಡಿದವನು ಸಂತೆಗೆ ಹೋಗುವುದಿಲ್ಲ, ಬಸ್ ಹತ್ತುವುದಿಲ್ಲ. ಒಬ್ಬ ರೋಗಿ ಸರಾಸರಿ ಒಬ್ಬನಿಗಿಂತ ಕಡಿಮೆ ಜನರಿಗೆ ಅಂಟಿಸಿದರೆ ರೋಗ ತಾನಾಗಿ ಆರಿಹೋಗುತ್ತದೆ. ಕೊಲ್ಲುವ ಶಕ್ತಿ ಬೇರೆ, ಹರಡುವ ಶಕ್ತಿ ಬೇರೆ. ಟಿವಿಯವರು ಇವೆರಡನ್ನೂ ಕಲಸಿ ಬಡಿಸುತ್ತಾರೆ.

ಕರ್ನಾಟಕವೂ ಸೇರಿದಂತೆ ಹಲವು ರಾಜ್ಯಗಳ ಹಣ್ಣುಬಾವಲಿಗಳಲ್ಲಿ ನಿಫಾ ಪ್ರತಿಕಾಯ, ಅಂದರೆ ಸೋಂಕು ಎಂದೋ ತಗುಲಿದ್ದರ ಗುರುತು, ಸಿಕ್ಕಿದೆ ಎಂಬುದು ನಿಜ. ನಿಮ್ಮ ಹುಣಸೆ ಮರದ ಹಿಂಡಿನಲ್ಲೂ ಇರಬಹುದು. ಹಾಗಿದ್ದರೂ ಕಡಿಯಬೇಡಿ ಎನ್ನುತ್ತೇನೆ. ಬಾವಲಿಯ ಮೈಯಲ್ಲಿ ವೈರಸ್ ಇರುವುದಕ್ಕೂ ಅದನ್ನು ಅದು ಹೊರಹಾಕುವುದಕ್ಕೂ ವ್ಯತ್ಯಾಸವಿದೆ. ಹೊಟ್ಟೆ ತುಂಬಿ ನೆಮ್ಮದಿಯಾಗಿರುವ ಹಿಂಡು ಹೊರಹಾಕುವುದು ಅಪರೂಪಕ್ಕೊಮ್ಮೆ, ಅದೂ ಸ್ವಲ್ಪವೇ. ಆಸ್ಟ್ರೇಲಿಯಾದಲ್ಲಿ ನಿಫಾದ ಸೋದರನಂತಿರುವ ಹೆಂಡ್ರಾ ವೈರಸ್ 1994ರಿಂದ ಕುದುರೆಗಳಿಗೂ ಕುದುರೆ ಸಾಕುವವರಿಗೂ ತಗುಲುತ್ತಿದೆ. ಅಲ್ಲಿ ವರ್ಷಗಟ್ಟಲೆ ಲೆಕ್ಕ ಇಟ್ಟವರಿಗೆ ಕಂಡದ್ದು ಇದು: ಕಾಡು ಕಡಿದು, ಚಳಿಗಾಲದ ಹೂವು ಸಿಗದೆ ಬಾವಲಿಗಳು ಹಸಿದು, ಚದುರಿ, ಊರ ಮಗ್ಗುಲಿಗೆ ಬಂದ ವರ್ಷಗಳಲ್ಲೇ ಸೋಂಕು ಹೆಚ್ಚು. ಕಾಡಿನಲ್ಲಿ ಹೂವು ಚೆನ್ನಾಗಿ ಬಿಟ್ಟ ಚಳಿಗಾಲದಲ್ಲಿ ಅವು ಮರಳಿ ಹೋದವು, ಸೋಂಕೂ ತಗ್ಗಿತು. ಈಗ ಒಂದು ಮರದಲ್ಲಿ, ಗುಡಿಯ ಹಿಂದೆ, ತಮ್ಮ ಪಾಡಿಗೆ ಇರುವ ಬಾವಲಿಗಳನ್ನು ಹೊಗೆ ಹಾಕಿ ಎಬ್ಬಿಸಿದರೆ ಅವು ಸಾಯುವುದಿಲ್ಲ. ಹತ್ತು ಮರಗಳಿಗೆ ಹಂಚಿಹೋಗುತ್ತವೆ, ಅದರಲ್ಲಿ ಒಂದು ಮರ ನಿಮ್ಮ ಕೊಟ್ಟಿಗೆಯ ಮೇಲಿನದಾಗಿರಬಹುದು. ಮರ ಹತ್ತಿದವರು ಕಚ್ಚಿಸಿಕೊಳ್ಳುತ್ತಾರೆ, ಕೆಳಗೆ ಬಿದ್ದ ಮರಿಯನ್ನು ಹುಡುಗರು ಕೈಯಲ್ಲಿ ಹಿಡಿಯುತ್ತಾರೆ. ಇಲ್ಲದ ಸಂಪರ್ಕವನ್ನು ನಾವೇ ಹುಟ್ಟಿಸಿದಂತೆ.

ಅದರ ಬದಲು ಮರದ ಕೆಳಗೆ ಎಮ್ಮೆ ಕಟ್ಟಬೇಡಿ, ಕುಡಿಯುವ ನೀರಿನ ತೊಟ್ಟಿ ಇಡಬೇಡಿ. ಕಚ್ಚಿದ ಗುರುತಿರುವ ಪೇರಲ, ಮಾವು ತಿನ್ನಬೇಡಿ, ಕೊಯ್ದು ಕೆಟ್ಟ ಭಾಗ ಬಿಸಾಡಿ ತಿನ್ನುವುದೂ ಬೇಡ. ಬೀದರ್ ಕೋಟೆಯ, ಕಲಬುರಗಿಯ ಹಳೆಯ ಗುಮ್ಮಟಗಳ ಕತ್ತಲಲ್ಲಿ ನೇತಾಡುವ ಚಿಕ್ಕ ಬಾವಲಿಗಳು ಹುಳ ತಿನ್ನುವವು, ಅವು ನಿಮ್ಮ ಹಣ್ಣಿನ ತಂಟೆಗೆ ಬರುವುದಿಲ್ಲ. ಅಂಥ ಕಡೆ ಗುಡಿಸುವವರು ಹಿಕ್ಕೆಯ ಮೇಲೆ ನೀರು ಚಿಮುಕಿಸಿ, ಮೂಗಿಗೆ ಬಟ್ಟೆ ಕಟ್ಟಿಕೊಂಡು ಗುಡಿಸಿದರೆ ಒಳ್ಳೆಯದು.

ನಿಮ್ಮ ಮಗನ ಮಾತಿಗೆ ಬರುತ್ತೇನೆ, ಅವನ ಭಯ ಪೂರ್ತಿ ಬುಡವಿಲ್ಲದ್ದಲ್ಲ. 2016ರಲ್ಲಿ ಬೀದರ್ ಜಿಲ್ಲೆಯ ಹುಮನಾಬಾದ ತಾಲ್ಲೂಕಿನ ಕೋಳಿ ಫಾರಂ ಒಂದರಲ್ಲಿ ಎಚ್‌5ಎನ್‌1 ಹಕ್ಕಿಜ್ವರ ದೃಢಪಟ್ಟು, ಸಾವಿರಾರು ಕೋಳಿಗಳನ್ನು ಕೊಂದು ಹೂಳಬೇಕಾಯಿತು. ಮನುಷ್ಯರಿಗೆ ಅದು ಅಂಟಲಿಲ್ಲ. ಕಾರಣವಿಷ್ಟು. ಹಕ್ಕಿಯ ಫ್ಲೂ ವೈರಸ್ ಹಿಡಿಯುವುದು ಜೀವಕೋಶದ ಹೊರಮೈಯಲ್ಲಿರುವ ಸಿಯಾಲಿಕ್ ಆಮ್ಲ ಎಂಬ ಸಕ್ಕರೆ ಅಣುವಿನ ಒಂದು ಬಗೆಯ ಜೋಡಣೆಯನ್ನು. ನಮ್ಮ ಮೂಗು ಗಂಟಲಿನಲ್ಲಿ ಹೆಚ್ಚಾಗಿ ಇರುವುದು ಇನ್ನೊಂದು ಬಗೆ; ಹಕ್ಕಿಯ ಬಗೆಯದು ನಮ್ಮ ಶ್ವಾಸಕೋಶದ ತೀರಾ ಆಳದಲ್ಲಿದೆ. ಹಾಗಾಗಿ ಅಷ್ಟು ಆಳಕ್ಕೆ ವೈರಸ್ ಇಳಿಯುವಷ್ಟು ಸಂಪರ್ಕ, ಅಂದರೆ ಸತ್ತ ಕೋಳಿಯ ಪುಕ್ಕ ಕೀಳುವುದು, ಕರುಳು ತೆಗೆಯುವುದು, ಹಿಕ್ಕೆಯ ಧೂಳಿನಲ್ಲಿ ನಿಂತು ಗುಡಿಸುವುದು, ಇಂಥದ್ದಾದರೆ ಮಾತ್ರ ಅಪಾಯ. ಇಳಿದರೆ ನ್ಯುಮೋನಿಯಾ ಕಠಿಣ. ಆದರೆ ಆಳದಲ್ಲಿ ಬೆಳೆದ ವೈರಸ್ ಸೀನಿನಲ್ಲಿ ಸುಲಭವಾಗಿ ಹೊರಬರುವುದಿಲ್ಲ, ಇನ್ನೊಬ್ಬರಿಗೆ ಹೋಗುವುದೂ ಕಷ್ಟ. ಹಾಂಗ್‌ಕಾಂಗ್‌ನಲ್ಲಿ 1997ರಲ್ಲಿ 18 ಜನರಿಗೆ ತಗುಲಿ 6 ಜನ ಸತ್ತಾಗ ಜಗತ್ತು ಬೆಚ್ಚಿದ್ದು ಇದೇ ವೈರಸ್‌ಗೆ. ಭಾರತದ ಕೋಳಿಗಳಿಗೆ ಅದು 2006ರಲ್ಲಿ ಮಹಾರಾಷ್ಟ್ರದ ನವಾಪುರಕ್ಕೆ ಬಂತು; ಇಲ್ಲಿ ಅದರಿಂದಾದ ಮೊದಲ ಮಾನವ ಸಾವು ದಾಖಲಾದದ್ದು 2021ರಲ್ಲಿ.

ವಿಜ್ಞಾನಿಗಳಿಗೆ ನಿದ್ದೆ ಬಾರದಿರುವುದು ಬೇರೆ ಕಾರಣಕ್ಕೆ. ಫ್ಲೂ ವೈರಸ್‌ನ ಆನುವಂಶಿಕ ವಸ್ತು ಎಂಟು ತುಂಡುಗಳಲ್ಲಿದೆ. ಒಂದೇ ಹಂದಿಗೆ ಹಕ್ಕಿಯ ಫ್ಲೂ, ಮನುಷ್ಯನ ಫ್ಲೂ ಎರಡೂ ಏಕಕಾಲಕ್ಕೆ ತಗುಲಿದರೆ ತುಂಡುಗಳು ಅದಲುಬದಲಾಗಿ, ಹೊಸ ಮೈಯ, ಆದರೆ ನಮ್ಮ ಮೂಗಿಗೆ ಒಗ್ಗುವ ವೈರಸ್ ಹುಟ್ಟಬಹುದು. 2009ರ ಎಚ್‌1ಎನ್‌1 ಅಂಥ ಬೆರಕೆ. ಅದನ್ನು ಇವತ್ತಿಗೂ ಹಂದಿಜ್ವರ ಎನ್ನುತ್ತೇವೆ, ಆದರೆ ಅದು ಮನುಷ್ಯರ ಕಾಯಿಲೆಯಾಗಿ ಎಷ್ಟೋ ವರ್ಷವಾಯಿತು, ಹರಡಲು ಅದಕ್ಕೆ ಹಂದಿ ಬೇಕಿಲ್ಲ. 2024ರಲ್ಲಿ ಅಮೆರಿಕದ ಹಾಲು ಕೊಡುವ ಹಸುಗಳಿಗೇ ಎಚ್‌5ಎನ್‌1 ಹತ್ತಿತು. ಕೆಚ್ಚಲಲ್ಲಿ ಬೆಳೆದು ಹಾಲಿಗೆ ಬಂತು, ಆ ಹಸಿ ಹಾಲು ಕುಡಿದ ಬೆಕ್ಕುಗಳು ಸತ್ತವು. ಪಾಠ ಹೇಳುವ ನಮ್ಮಂಥವರೂ ಅದನ್ನು ನಿರೀಕ್ಷಿಸಿರಲಿಲ್ಲ. ಕಾಯಿಸಿದ ಹಾಲಿನಲ್ಲಿ ಅದು ಉಳಿಯುವುದಿಲ್ಲ.

ಆದ್ದರಿಂದ ಕೋಳಿಗಳನ್ನು ಸಾಕಿ, ಆದರೆ ರಾತ್ರಿ ಮಲಗುವ ಕೋಣೆಯಲ್ಲಿ ಬುಟ್ಟಿ ಮುಚ್ಚಿಡಬೇಡಿ. ಒಂದೆರಡು ದಿನದಲ್ಲಿ ಹಲವು ಕೋಳಿಗಳು ಒಟ್ಟಿಗೆ ಸತ್ತರೆ ಉಳಿದವನ್ನು ಅವಸರದಲ್ಲಿ ಕೊಯ್ದು ತಿನ್ನುವುದಾಗಲಿ, ಸಂತೆಗೆ ಒಯ್ಯುವುದಾಗಲಿ, ಸತ್ತವನ್ನು ಕಾಲುವೆಗೆ ಎಸೆಯುವುದಾಗಲಿ ಬೇಡ. ಪಶು ಆಸ್ಪತ್ರೆಗೆ ಫೋನ್ ಮಾಡಿ. ಸಾಮಾನ್ಯವಾಗಿ ಅದು ಕೋಳಿಗಳ ಕೊಕ್ಕರೆ ರೋಗವೇ (ರಾಣಿಖೇತ್) ಆಗಿರುತ್ತದೆ, ಆದರೂ ನೋಡಿದ ಮೇಲೆ ಹೇಳಲಿ.

ಕೊರೊನಾ ಬಗ್ಗೆ ಎರಡು ಮಾತು. ಭಾರತದ ಮೊದಲ ಕೋವಿಡ್ ಸಾವು ನಮ್ಮ ಕಲಬುರಗಿಯವರದು, 2020ರ ಮಾರ್ಚ್ 10ರಂದು. ಸೌದಿ ಅರೇಬಿಯಾದಿಂದ ಮರಳಿದ್ದ ಹಿರಿಯರು. ಆ ವಾರಗಳಲ್ಲೇ ಕೋಳಿಯಿಂದ ಕೊರೊನಾ ಬರುತ್ತದೆ ಎಂದು ವಾಟ್ಸ್ಆ್ಯಪ್‌ನಲ್ಲಿ ಹಬ್ಬಿಸಿ, ಕೋಳಿ ಸಾಕಣೆಯವರನ್ನು ಬೀದಿಗೆ ತಂದರು. ಆ ವೈರಸ್‌ನ ಹತ್ತಿರದ ಬಂಧುಗಳು ಏಷ್ಯಾದ ಕುದುರೆಲಾಳ ಬಾವಲಿಗಳಲ್ಲಿವೆ, ಅಲ್ಲಿಂದ ಮನುಷ್ಯನಿಗೆ ಯಾವ ದಾರಿಯಲ್ಲಿ ಬಂತು ಎಂಬುದು ಇನ್ನೂ ತೀರ್ಮಾನವಾಗಿಲ್ಲ. ಆದರೆ ನಮ್ಮ ಕಡೆಗೆ ಬಂದದ್ದು ವಿಮಾನದಲ್ಲಿ, ಮನುಷ್ಯನ ಉಸಿರಿನಲ್ಲಿ. ರೋಗಲಕ್ಷಣ ಕಾಣುವ ಮೊದಲೇ ಹರಡುವ ಗುಣ ಅದಕ್ಕಿತ್ತು. ನಿಫಾಕ್ಕೆ ಇಲ್ಲದ್ದು ಇದೇ.

ಈಗ ನಾಯಿ. ರೇಬೀಸ್ ವೈರಸ್‌ಗೆ ಮನುಷ್ಯರ ನಡುವೆ ಹರಡುವ ಶಕ್ತಿಯಿಲ್ಲ, ಆದರೆ ಲಕ್ಷಣ ಕಂಡ ಮೇಲೆ ಬದುಕುವವರು ಇಲ್ಲವೆಂದೇ ಹೇಳಬೇಕು. ಮನುಷ್ಯರಿಗೆ ಬರುವ ರೇಬೀಸ್‌ನಲ್ಲಿ ಶೇ 99ರಷ್ಟು ನಾಯಿಯಿಂದ. ಜೊಲ್ಲಿನಲ್ಲಿರುವ ವೈರಸ್ ಗಾಯದೊಳಗೆ ಇಳಿದು, ನರ ಬಂದು ಸ್ನಾಯುವನ್ನು ಮುಟ್ಟುವ ಜಾಗದಲ್ಲಿ ನರವನ್ನು ಹಿಡಿದುಕೊಂಡು, ಅದರೊಳಗೇ ನಿಧಾನವಾಗಿ ಮಿದುಳಿನ ಕಡೆ ತೆವಳುತ್ತದೆ. ರಕ್ತದಲ್ಲಿ ಓಡಾಡದ ಕಾರಣ ನಮ್ಮ ರಕ್ಷಣಾ ವ್ಯವಸ್ಥೆಗೆ ಅದರ ಸುಳಿವು ಸಿಗುವುದಿಲ್ಲ. ಮಿದುಳು ಮುಟ್ಟಲು ಸಾಮಾನ್ಯವಾಗಿ ಎರಡು ಮೂರು ತಿಂಗಳು, ಕೆಲವೊಮ್ಮೆ ವಾರಗಳು. ಆ ಬಿಡುವೇ ನಮಗೆ ಸಿಕ್ಕ ಅವಕಾಶ. ನರಕ್ಕೆ ಸೇರುವ ಮೊದಲು ಗಾಯದಲ್ಲೇ ಅದನ್ನು ಕೊಲ್ಲಬಹುದು, ಅದೂ ಬಟ್ಟೆ ಸಾಬೂನಿನಿಂದ. ವೈರಸ್‌ನ ಹೊರಪದರ ಕೊಬ್ಬಿನದು, ಸಾಬೂನಿಗೆ ಕರಗುತ್ತದೆ. ನಲ್ಲಿಯ ಕೆಳಗೆ ಅಥವಾ ಚೊಂಬಿನಿಂದ ನೀರು ಸುರಿಯುತ್ತಾ ಪೂರ್ತಿ 15 ನಿಮಿಷ ತೊಳೆಯಬೇಕು. ಸುಣ್ಣ, ಖಾರದ ಪುಡಿ, ಅರಿಶಿನ ಹಚ್ಚುವುದು, ಮಂತ್ರಿಸಿದ ದಾರ ಕಟ್ಟುವುದು ಇವೆಲ್ಲ ಸಮಯ ಹಾಳು, ಖಾರದಿಂದ ಗಾಯ ಇನ್ನಷ್ಟು ಕೆರಳುತ್ತದೆ.

ಆಮೇಲೆ ಅದೇ ದಿನ ಪ್ರಾಥಮಿಕ ಆರೋಗ್ಯ ಕೇಂದ್ರ. ಚುಚ್ಚುಮದ್ದು ಮೊದಲ ದಿನ, 3, 7 ಮತ್ತು 28ನೇ ದಿನ. ಚರ್ಮದ ಬದಲು ಸ್ನಾಯುವಿಗೆ ಕೊಡುವುದಾದರೆ 14ನೇ ದಿನವೂ. ರಕ್ತ ಬಂದಿದ್ದರೆ ಲಸಿಕೆಯ ಜೊತೆಗೆ ಇಮ್ಯುನೊಗ್ಲಾಬ್ಯುಲಿನ್ ಎಂಬ ಇನ್ನೊಂದು ಮದ್ದನ್ನು ಗಾಯದ ಸುತ್ತಲೇ ಚುಚ್ಚಬೇಕು. ಲಸಿಕೆಯಿಂದ ರಕ್ಷಣೆ ಹುಟ್ಟಲು ಒಂದು ವಾರಕ್ಕಿಂತ ಹೆಚ್ಚು ಬೇಕು, ಅಷ್ಟರವರೆಗೆ ಕಾಯುವುದು ಈ ಮದ್ದು. ಸಣ್ಣ ಕೇಂದ್ರಗಳಲ್ಲಿ ಅದು ಇಲ್ಲದಿದ್ದರೆ ಎಲ್ಲಿ ಸಿಗುತ್ತದೆ ಎಂದು ಕೇಳಿ ತಾಲ್ಲೂಕು ಅಥವಾ ಜಿಲ್ಲಾ ಆಸ್ಪತ್ರೆಗೆ ಹೋಗಿ, ಕೇಳದೆ ಮನೆಗೆ ಬರಬೇಡಿ. ಮಾಂಸ ತಿನ್ನಬಾರದು, ಬದನೆಕಾಯಿ ತಿನ್ನಬಾರದು ಎಂಬ ಪಥ್ಯ ಯಾವುದೂ ಇಲ್ಲ. ಮೂರನೆಯ ಚುಚ್ಚುಮದ್ದಿನ ಹೊತ್ತಿಗೆ ಗಾಯ ಮಾಯ್ದಿರುತ್ತದೆ, ಸುಗ್ಗಿಯ ಕೆಲಸವೂ ಇರುತ್ತದೆ. ಜನ ತಪ್ಪಿಸುವುದು ಅಲ್ಲಿಯೇ.

ದನಗಳಿಗೂ ರೇಬೀಸ್ ಬರುತ್ತದೆ, ಅದರ ಲಕ್ಷಣವನ್ನು ನೀವು ಗುರುತಿಸಬೇಕು. ಎಮ್ಮೆ ಮೇವು ಬಿಡುತ್ತದೆ. ಬಾಯಿಂದ ನೂಲಿನಂತೆ ಜೊಲ್ಲು ಇಳಿಯುತ್ತದೆ. ಗಂಟಲು ಒಡೆದಂತೆ ವಿಚಿತ್ರವಾಗಿ ಒದರುತ್ತದೆ, ನೀರಿಗೆ ಮೂತಿ ಇಟ್ಟರೂ ನುಂಗಲಾರದು. ನೋಡಿದ ಯಾರಿಗೂ ಮೊದಲು ಹೊಳೆಯುವುದು ಒಂದೇ: ಗಂಟಲಲ್ಲಿ ಏನೋ ಸಿಕ್ಕಿಕೊಂಡಿದೆ. ಮನೆಯ ಯಜಮಾನ ತೋಳು ಮಡಚಿ ಬಾಯೊಳಗೆ ಮೊಣಕೈವರೆಗೆ ಕೈ ಹಾಕಿ ಹುಡುಕುತ್ತಾನೆ. ದವಡೆ ಹಲ್ಲು ಗೀರುತ್ತದೆ, ಜೊಲ್ಲು ಗೀರಿಗೆ ಇಳಿಯುತ್ತದೆ. ಗೊತ್ತಿದ್ದೂ ಕೈ ಹಾಕಿದ ಪಶುವೈದ್ಯರೇ ಇದ್ದಾರೆ. ನಾಯಿ ಕಚ್ಚಿದ್ದನ್ನು ಯಾರೂ ನೋಡಿರಲಿಕ್ಕಿಲ್ಲ, ಹೊಲದಲ್ಲಿ ಕಟ್ಟಿದ ಎಮ್ಮೆಯ ಕಾಲಿಗೆ ರಾತ್ರಿ ಕಚ್ಚಿ ಹೋಗಿರುತ್ತದೆ. ಜೊಲ್ಲು ಸುರಿಸುವ ದನದ ಬಾಯಿಗೆ ಬರಿಗೈ ಹಾಕಬೇಡಿ, ಪಶುವೈದ್ಯರನ್ನು ಕರೆಯಿಸಿ. ಹುಚ್ಚುನಾಯಿ ಕಚ್ಚಿದ್ದು ಗೊತ್ತಾದರೆ ದನಕ್ಕೂ ತಕ್ಷಣ ಲಸಿಕೆ ಹಾಕಿಸಬಹುದು.

ಇಂಥ ಎಮ್ಮೆ ಸತ್ತ ಊರಲ್ಲಿ ಮರುದಿನ ಏನಾಗುತ್ತದೆ ಎಂದರೆ, ಅದರ ಹಾಲು ಕೊಂಡ ಮನೆಗಳವರೆಲ್ಲ ಆಸ್ಪತ್ರೆಯ ಮುಂದೆ ಸಾಲು ನಿಲ್ಲುತ್ತಾರೆ. ಹಾಲು ಕುಡಿದು ರೇಬೀಸ್ ಬಂದ ಖಚಿತ ಉದಾಹರಣೆ ಇಲ್ಲ, ಕಾಯಿಸಿದ ಹಾಲು, ಚಹಾ, ಮಜ್ಜಿಗೆಯ ವಿಷಯದಲ್ಲಿ ಗಾಬರಿ ಬೇಡ. ಹಸಿ ಹಾಲು ಕುಡಿದವರಿದ್ದರೆ ವೈದ್ಯರಿಗೆ ತಿಳಿಸಿದರೆ ಸಾಕು. ಆ ಸಾಲಿನಲ್ಲಿ ಸಾಮಾನ್ಯವಾಗಿ ಕಾಣದವನು ಬಾಯಿಗೆ ಕೈ ಹಾಕಿದವನು. ಎಮ್ಮೆ ಕಳೆದುಕೊಂಡ ದುಃಖದಲ್ಲಿ ಮನೆಯಲ್ಲೇ ಕೂತಿರುತ್ತಾನೆ, ಮೊಣಕೈಯ ಗೀರನ್ನು ಗಾಯವೆಂದೇ ಲೆಕ್ಕಕ್ಕೆ ಹಿಡಿದಿರುವುದಿಲ್ಲ. ನಿಮ್ಮ ಊರಿನಲ್ಲಿ ಹೀಗಾದರೆ ಮೊದಲು ಅವನನ್ನು ಹುಡುಕಿ, ಸಾಬೂನಿನಿಂದ ಕೈ ತೊಳೆಸಿ ಆಸ್ಪತ್ರೆಗೆ ಕರೆದುಕೊಂಡು ಹೋಗಿ.